ಬೆಟ್ಟದ ಬುಡದಲ್ಲಿ ಒಬ್ಬ ತಂದೆ

(ದೇವಾಲಯದ ಶತಮಾನೋತ್ಸವದ ಅಂಗವಾಗಿ ನಡೆದ ಮೂರು ದಿನಗಳ ಧ್ಯಾನಕೂಟದ ಎರಡನೆಯ ಸಂಜೆ ಧರ್ಮಕೇಂದ್ರದ ಗುರುಗಳು ನೀಡಿದ ಉಪನ್ಯಾಸ)



ನಿನ್ನೆಯ ಸಂಜೆ ಇದೇ ಸ್ಥಳದಲ್ಲಿ ನಮ್ಮ ಪೂರ್ವಜರ ವಿಶ್ವಾಸವನ್ನು ಕುರಿತು ಕೇಳಿದಿರಿ. ಮೊದಲು ಹುಲ್ಲು ಹೊದಿಸಿದ ಪ್ರಾರ್ಥನಾಲಯವನ್ನು ಕಟ್ಟಿಕೊಂಡು, ಅನಂತರ ತಲೆಯ ಮೇಲೆ ಕಲ್ಲು ಹೊತ್ತು ಈ ದೇವಾಲಯವನ್ನು ಎಬ್ಬಿಸಿದವರ ಕಥೆ ನಮ್ಮೆಲ್ಲರ ಎದೆಯನ್ನು ಹಿಗ್ಗಿಸಿತು. ಅದು ಯುಕ್ತವೇ. ನೂರು ವರ್ಷ ತುಂಬಿದ ಮನೆಯಲ್ಲಿ ಹಿರಿಯರ ಗುಣಗಾನ ನಡೆಯದೆ ಇನ್ನೆಲ್ಲಿ ನಡೆಯಬೇಕು? ಇಂದು ನನಗೆ ಒಪ್ಪಿಸಿರುವ ವಿಷಯವೂ ವಿಶ್ವಾಸವೇ ಆಗಿದೆ. ಆದರೆ ಅದರ ಮಗ್ಗುಲಲ್ಲೇ ಮಲಗಿರುವ ಇನ್ನೊಂದನ್ನೂ ಈ ಸಂಜೆ ಎಬ್ಬಿಸಿ ಮಾತನಾಡಿಸಬೇಕೆಂದಿದ್ದೇನೆ. ಅದರ ಹೆಸರು ಸಂಶಯ. ದೇವಾಲಯದೊಳಗೆ ಅದರ ಹೆಸರೆತ್ತುವವರು ಕಡಿಮೆ. ಅದನ್ನು ಎದೆಯಲ್ಲಿಟ್ಟುಕೊಂಡು ದೇವಾಲಯಕ್ಕೆ ಬರುವವರು ಕಡಿಮೆಯೇನಲ್ಲ.

ಇದಕ್ಕಾಗಿ ನಾನು ಆರಿಸಿಕೊಂಡಿರುವುದು ಸಂತ ಮಾರ್ಕನ ಶುಭಸಂದೇಶದ ಒಂಬತ್ತನೆಯ ಅಧ್ಯಾಯದಲ್ಲಿ, 14ರಿಂದ 29ರವರೆಗಿನ ವಚನಗಳಲ್ಲಿ ಬರುವ ಅದ್ಭುತವನ್ನು. ಮೂಗ ದೆವ್ವ ಹಿಡಿದಿದ್ದ ಬಾಲಕನನ್ನು ಯೇಸುಸ್ವಾಮಿ ಗುಣಪಡಿಸಿದ ಕಥೆ ಅದು. ನಿಮ್ಮಲ್ಲಿ ಅನೇಕರಿಗೆ ಇದು ಅಷ್ಟಾಗಿ ಪರಿಚಯವಿಲ್ಲದಿದ್ದರೆ ತಪ್ಪು ನಿಮ್ಮದಲ್ಲ. ಇದಕ್ಕೆ ಮುಂಚಿನ ಘಟನೆಯಾದ ಪ್ರಭುವಿನ ರೂಪಾಂತರವನ್ನು ತಪಸ್ಸುಕಾಲದ ಎರಡನೆಯ ಭಾನುವಾರ ಪ್ರತಿವರ್ಷವೂ ಓದುತ್ತೇವೆ. ಆಗಸ್ಟ್ 6ರಂದು ಹಬ್ಬವಾಗಿಯೂ ಆಚರಿಸುತ್ತೇವೆ. ಆದರೆ ಪ್ರಭು ಬೆಟ್ಟದಿಂದ ಇಳಿದ ಮೇಲೆ ನಡೆದ ಈ ಪ್ರಸಂಗ ಭಾನುವಾರದ ವಾಚನಗಳಲ್ಲಿ ಬರುವುದೇ ಇಲ್ಲ. ಸಾಧಾರಣ ಕಾಲದ ಏಳನೆಯ ವಾರದ ಸೋಮವಾರಕ್ಕೆ ಅದನ್ನು ಗೊತ್ತುಮಾಡಲಾಗಿದೆ. ಸೋಮವಾರದ ಬೆಳಗಿನ ಪೂಜೆಗೆ ಎಷ್ಟು ಮಂದಿ ಬರುತ್ತೀರೆಂಬುದು ನನಗೂ ಗೊತ್ತು, ನಿಮಗೂ ಗೊತ್ತು. ಹೀಗಾಗಿ ಭಾನುವಾರದ ಕ್ರೈಸ್ತರಿಗೆ ಬೆಟ್ಟದ ಮೇಲಿನ ಬೆಳಕು ಪರಿಚಿತ. ಬೆಟ್ಟದ ಬುಡದಲ್ಲಿ ಏನು ನಡೆದಿತ್ತೆಂಬುದು ಅಪರಿಚಿತ.

ಆ ಬೆಟ್ಟ ಯಾವುದೆಂದು ಶುಭಸಂದೇಶಕಾರರು ಹೆಸರಿಸಿಲ್ಲ. ನಾಲ್ಕನೆಯ ಶತಮಾನದಿಂದೀಚಿನ ಸಂಪ್ರದಾಯ ಅದನ್ನು ಗಲಿಲೇಯದ ತಾಬೋರ್ ಎನ್ನುತ್ತದೆ. ಉತ್ತರದ ಎತ್ತರದ ಹೆರ್ಮೋನ್ ಇರಬಹುದೆಂಬುದು ಹಲವು ವಿದ್ವಾಂಸರ ಅಭಿಪ್ರಾಯ. ಯಾವುದಾದರೇನು, ಹನ್ನೆರಡು ಮಂದಿಯಲ್ಲಿ ಪೇತ್ರ, ಯಕೋಬ, ಯೊವಾನ್ನ ಈ ಮೂವರು ಮೇಲೆ ಹೋಗಿದ್ದರು. ಉಳಿದ ಒಂಬತ್ತು ಮಂದಿ ಕೆಳಗಿದ್ದರು. ಮೇಲಿದ್ದವರು ಬೆಳಕನ್ನೂ ಮೋಶೆ ಎಲೀಯರನ್ನೂ ಕಂಡರು, ಮೇಘದೊಳಗಿಂದ ಬಂದ ಧ್ವನಿಯನ್ನು ಕೇಳಿದರು. ಪೇತ್ರನಿಗಂತೂ ಅಲ್ಲಿಯೇ ಗುಡಾರ ಹಾಕಿಕೊಂಡು ಉಳಿದುಬಿಡುವ ಆಸೆಯಾಯಿತು. ಕೆಳಗಿದ್ದ ಒಂಬತ್ತು ಮಂದಿಗೆ ಎದುರಾದದ್ದು ನೊರೆ ಕಾರುತ್ತಾ ನೆಲದ ಮೇಲೆ ಹೊರಳುವ ಒಬ್ಬ ಹುಡುಗ.

ಇಟಲಿಯ ಚಿತ್ರಕಾರ ರಾಫೇಲನು ತನ್ನ ಕೊನೆಯ ಚಿತ್ರದಲ್ಲಿ ಈ ಎರಡನ್ನೂ ಒಂದೇ ಹಲಗೆಯ ಮೇಲೆ ಬರೆದ. ಮೇಲುಗಡೆ ಬೆಳ್ಳಗೆ ಬೆಳಗುವ ಪ್ರಭು. ಕೆಳಗಡೆ ಕತ್ತಲಲ್ಲಿ ಕಣ್ಣಾಲಿ ತಿರುಗಿಸಿ ಕೈ ಚಾಚಿರುವ ಬಾಲಕ, ಅವನನ್ನು ಹಿಡಿದು ನಿಲ್ಲಿಸಿರುವ ತಂದೆ, ದಿಕ್ಕು ತೋಚದ ಶಿಷ್ಯರು. ಆ ಶಿಷ್ಯರಲ್ಲಿ ಕೆಲವರ ಬೆರಳು ಬಾಲಕನ ಕಡೆಗೆ, ಕೆಲವರ ಬೆರಳು ಬೆಟ್ಟದ ಕಡೆಗೆ. 1520ರಲ್ಲಿ, ತನ್ನ ಮೂವತ್ತೇಳನೆಯ ವಯಸ್ಸಿನಲ್ಲಿ, ರಾಫೇಲನು ತೀರಿಕೊಂಡಾಗ ಅವನ ಶವದ ತಲೆಯ ಬಳಿ ಈ ಚಿತ್ರವನ್ನು ನಿಲ್ಲಿಸಿದ್ದರೆಂದು ವಸಾರಿ ಬರೆದಿದ್ದಾನೆ. ಇಂದು ಅದು ವ್ಯಾಟಿಕನ್ನಿನ ಚಿತ್ರಶಾಲೆಯಲ್ಲಿದೆ. ನಾನು ಕಂಡಿರುವುದು ಅದರ ಮುದ್ರಿತ ಪ್ರತಿಯನ್ನು ಮಾತ್ರ. ಆದರೂ ಅನೇಕ ಪ್ರಬೋಧನೆಗಳಿಗಿಂತ ಹೆಚ್ಚಿನದನ್ನು ಅದು ನನಗೆ ಹೇಳಿದೆ.

ಕೆಳಗೆ ವಾದ ನಡೆದಿತ್ತು. ಧರ್ಮಶಾಸ್ತ್ರಿಗಳು ಶಿಷ್ಯರ ಮೇಲೆ ಬಿದ್ದಿದ್ದರು. ಸುತ್ತಲೂ ಜನ ನೆರೆದಿದ್ದರು. ವಾದದ ವಿಷಯವೇನೆಂದು ಮಾರ್ಕನು ಹೇಳಿಲ್ಲ, ಊಹಿಸುವುದು ಕಷ್ಟವಲ್ಲ. ಆ ಒಂಬತ್ತು ಮಂದಿ ಹುಡುಗನನ್ನು ಗುಣಪಡಿಸಲು ಪ್ರಯತ್ನಿಸಿ ಸೋತಿದ್ದರು. ಇದು ಅವರಿಗೆ ಹೊಸ ಕೆಲಸವಾಗಿದ್ದರೆ ಮಾತು ಬೇರೆ. ಇದೇ ಶುಭಸಂದೇಶದ ಆರನೆಯ ಅಧ್ಯಾಯದಲ್ಲಿ ಯೇಸುಸ್ವಾಮಿ ಹನ್ನೆರಡು ಮಂದಿಗೂ ಅಶುದ್ಧಾತ್ಮಗಳ ಮೇಲೆ ಅಧಿಕಾರ ಕೊಟ್ಟು ಇಬ್ಬಿಬ್ಬರನ್ನಾಗಿ ಕಳುಹಿಸಿದ್ದರು. ಅವರು ಅನೇಕ ದೆವ್ವಗಳನ್ನು ಬಿಡಿಸಿ, ರೋಗಿಗಳಿಗೆ ಎಣ್ಣೆ ಹಚ್ಚಿ ಗುಣಪಡಿಸಿದ್ದರು. ಅಂದು ಆದದ್ದು ಇಂದು ಏಕೆ ಆಗುತ್ತಿಲ್ಲ? ಅದೇ ಪ್ರಭು, ಅದೇ ಅಧಿಕಾರ, ಬಹುಶಃ ಅವೇ ಮಾತುಗಳು. ಕೈಲಾಗದವನು ಮೈ ಪರಚಿಕೊಂಡ ಎಂಬ ಗಾದೆಯಂತೆ, ಹುಡುಗನನ್ನು ನೆಲದ ಮೇಲೆ ಬಿಟ್ಟು ಅವರು ವಾದಕ್ಕೆ ನಿಂತಿದ್ದರು. ಸೋತ ಗುರುವಿಗೆ ವಾದ ಎಷ್ಟು ದೊಡ್ಡ ಆಶ್ರಯವೆಂಬುದನ್ನು ನಾನು ಅನುಭವದಿಂದ ಬಲ್ಲೆ. ಅದನ್ನು ಆಮೇಲೆ ಹೇಳುತ್ತೇನೆ.

ಯೇಸುಸ್ವಾಮಿ ಬಂದವರೇ ಏನು ವಾದವೆಂದು ಕೇಳುತ್ತಾರೆ. ಶಿಷ್ಯರು ಉತ್ತರ ಕೊಡುವುದಿಲ್ಲ. ಶಾಸ್ತ್ರಿಗಳೂ ಕೊಡುವುದಿಲ್ಲ. ಗುಂಪಿನೊಳಗಿಂದ ಒಬ್ಬನು ಬಾಯಿಬಿಡುತ್ತಾನೆ. ಅವನಿಗೆ ವಾದ ಮಾಡುವಷ್ಟು ಬಿಡುವಿರಲಿಲ್ಲ. ಅವನ ಮಗ ಅಲ್ಲಿ ಬಿದ್ದಿದ್ದ. ಲೂಕನ ಪ್ರಕಾರ ಅವನಿಗಿದ್ದವನು ಅವನೊಬ್ಬನೇ ಮಗ. ಮೂಗ ದೆವ್ವ ಹಿಡಿದಿದೆ, ಹಿಡಿದಲ್ಲಿ ಕೆಡವುತ್ತದೆ, ನೊರೆ ಬರುತ್ತದೆ, ಹಲ್ಲು ಕಡಿಯುತ್ತಾನೆ, ಮೈ ಸೆಟೆದುಕೊಳ್ಳುತ್ತದೆ, ತಮ್ಮ ಶಿಷ್ಯರನ್ನು ಕೇಳಿಕೊಂಡೆ, ಅವರಿಂದ ಆಗಲಿಲ್ಲ ಎನ್ನುತ್ತಾನೆ.

ಈ ಲಕ್ಷಣಗಳನ್ನು ಓದಿದ ಯಾವ ವೈದ್ಯನಾದರೂ ಇದನ್ನು ಅಪಸ್ಮಾರ, ಅಂದರೆ ಮೂರ್ಛೆರೋಗ, ಎಂದು ಗುರುತಿಸುವನು. ಮತ್ತಾಯನು ಇದೇ ಬಾಲಕನನ್ನು ಕುರಿತು ಚಂದ್ರನ ಬಾಧೆ ಹಿಡಿದವನೆಂಬ ಅರ್ಥದ ಪದವನ್ನು ಬಳಸಿದ್ದಾನೆ; ಆ ಕಾಲದವರು ಈ ರೋಗಕ್ಕೂ ಚಂದ್ರನಿಗೂ ಸಂಬಂಧ ಕಟ್ಟಿದ್ದರು. ಕ್ರಿಸ್ತಪೂರ್ವ 400ರ ಸುಮಾರಿನ, ಹಿಪ್ಪೊಕ್ರಾಟಿಸನ ಹೆಸರಿನಲ್ಲಿ ಉಳಿದುಬಂದಿರುವ ಗ್ರೀಕ್ ವೈದ್ಯಗ್ರಂಥವೊಂದು ಇದು ಇತರ ರೋಗಗಳಿಗಿಂತ ಹೆಚ್ಚು ದೈವಿಕವಾದುದೇನಲ್ಲ, ಮಿದುಳಿನಿಂದ ಹುಟ್ಟುವುದು ಎಂದು ವಾದಿಸಿತ್ತು. ದೆವ್ವವೋ ರೋಗವೋ ಎಂದು ನಾನು ಇಂದು ತರ್ಕಕ್ಕೆ ನಿಂತರೆ ಆ ಶಾಸ್ತ್ರಿಗಳ ಸಾಲಿಗೇ ಸೇರುವೆನು. ಒಂದು ಮಾತನ್ನು ಮಾತ್ರ ಧರ್ಮಕೇಂದ್ರದ ಗುರುವಾಗಿ ಹೇಳಿ ಮುಂದುವರಿಯುತ್ತೇನೆ. ಜಗತ್ತಿನಲ್ಲಿ ಸುಮಾರು 5 ಕೋಟಿ ಜನರಿಗೆ ಈ ರೋಗವಿದೆ. ಸರಿಯಾದ ಚಿಕಿತ್ಸೆ ದೊರೆತರೆ ಅವರಲ್ಲಿ 100ಕ್ಕೆ 70ರಷ್ಟು ಮಂದಿ ಮೂರ್ಛೆಯಿಲ್ಲದೆ ಬಾಳಬಹುದೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ನಿಮ್ಮ ಮನೆಯಲ್ಲಿ ಇಂಥ ಮಗುವಿದ್ದರೆ ನನ್ನ ಬಳಿ ಪ್ರಾರ್ಥನೆಗೆ ಕರೆತನ್ನಿ, ವೈದ್ಯರ ಬಳಿ ಔಷಧಿಗೂ ಕರೆದೊಯ್ಯಿರಿ. ಒಂದಕ್ಕಾಗಿ ಇನ್ನೊಂದನ್ನು ಬಿಡಬೇಡಿ. ಬಿದ್ದವರ ಕೈಗೆ ಕಬ್ಬಿಣ ತುರುಕುವುದನ್ನು ಬಿಟ್ಟು, ಅವರನ್ನು ಮಗ್ಗುಲಿಗೆ ಹೊರಳಿಸಿ ಮಲಗಿಸಿರಿ.

ತಂದೆಯ ಮಾತನ್ನು ಕೇಳಿ ಯೇಸುಸ್ವಾಮಿ ನೊಂದು, ವಿಶ್ವಾಸವಿಲ್ಲದ ಈ ಪೀಳಿಗೆಯನ್ನು ಇನ್ನೆಷ್ಟು ಕಾಲ ಸಹಿಸಿಕೊಳ್ಳಬೇಕೆಂದು ಉದ್ಗರಿಸುತ್ತಾರೆ. ಅದು ತಂದೆಗೆ ಹೇಳಿದ್ದೋ ಶಿಷ್ಯರಿಗೋ ಶಾಸ್ತ್ರಿಗಳಿಗೋ ಎಂದು ವ್ಯಾಖ್ಯಾನಕಾರರು ಚರ್ಚಿಸುತ್ತಾರೆ. ನಿಂತಿದ್ದವರೆಲ್ಲರಿಗೂ ಅದು ತಗುಲಿರಬೇಕು. ಆದರೆ ಆ ನೋವಿನ ಮಾತು ಮುಗಿಯುವ ಮುನ್ನವೇ ಹುಡುಗನನ್ನು ತಮ್ಮ ಬಳಿಗೆ ಕರೆತರಲು ಹೇಳುತ್ತಾರೆ. ಗದರಿಸಿ ಕಳುಹಿಸಿಬಿಡಲಿಲ್ಲ. ಕರೆತಂದ ಕೂಡಲೆ ಹುಡುಗನ ಸ್ಥಿತಿ ಸುಧಾರಿಸಿತೇ? ಇಲ್ಲ, ಇನ್ನೂ ಕೆಟ್ಟಿತು. ಯೇಸುವನ್ನು ಕಂಡೊಡನೆ ಅವನು ಒದ್ದಾಡಿ, ನೆಲಕ್ಕೆ ಬಿದ್ದು, ನೊರೆ ಕಾರುತ್ತಾ ಹೊರಳಾಡತೊಡಗಿದ. ಆಗ ಪ್ರಭು ಮಾಡಿದ್ದೇನು? ತಂದೆಯ ಕಡೆ ತಿರುಗಿ, ಇವನಿಗೆ ಹೀಗಾಗಿ ಎಷ್ಟು ಕಾಲವಾಯಿತೆಂದು ಕೇಳಿದರು.

ಸಹೋದರರೇ, ಈ ಪ್ರಶ್ನೆಯ ಮುಂದೆ ನಾನು ಎಷ್ಟೋ ಸಲ ನಿಂತಿದ್ದೇನೆ. ಎಲ್ಲವನ್ನೂ ಬಲ್ಲವರು ಏಕೆ ಕೇಳಬೇಕು? ಗುಣಪಡಿಸಲು ಆ ಲೆಕ್ಕದ ಅಗತ್ಯವೇನು? ಅಷ್ಟು ವರ್ಷಗಳಲ್ಲಿ ಎಷ್ಟೋ ಜನ ಆ ತಂದೆಗೆ ಉಪದೇಶ ಮಾಡಿರಬಹುದು. ಬೆಂಕಿಗೆ ಬಿದ್ದಾಗ ಎಳೆದು, ನೀರಿಗೆ ಬಿದ್ದಾಗ ಹಾರಿ, ರಾತ್ರಿಯೆಲ್ಲ ಎಚ್ಚರವಾಗಿದ್ದು ಕಳೆದ ವರ್ಷಗಳೆಷ್ಟೆಂದು ಯಾರಾದರೂ ಕೇಳಿದ್ದರೋ ಇಲ್ಲವೋ! ಚಿಕ್ಕಂದಿನಿಂದ ಎಂದು ಅವನು ಉತ್ತರಿಸುತ್ತಾನೆ. ಆ ಒಂದು ಮಾತಿನ ಹಿಂದೆ ಕಟ್ಟೆ ಒಡೆಯುತ್ತದೆ. ಎಷ್ಟೋ ಸಲ ಬೆಂಕಿಗೂ ನೀರಿಗೂ ಬೀಳಿಸಿ ಕೊಲ್ಲಲು ನೋಡಿದೆ ಎನ್ನುತ್ತಾನೆ; ಕೊನೆಗೆ, ತಮ್ಮಿಂದ ಏನಾದರೂ ಆಗುವುದಾದರೆ ನಮ್ಮ ಮೇಲೆ ಕನಿಕರಪಟ್ಟು ಸಹಾಯಮಾಡಬೇಕೆಂದು ಬೇಡುತ್ತಾನೆ.

ಆಗುವುದಾದರೆ! ಮಾರ್ಕನ ಮೊದಲನೆಯ ಅಧ್ಯಾಯದಲ್ಲಿ ಒಬ್ಬ ಕುಷ್ಠರೋಗಿ ಬರುತ್ತಾನೆ. ತಾವು ಮನಸ್ಸು ಮಾಡಿದರೆ ಆಗುವುದು ಎಂಬುದು ಅವನ ಮಾತಿನ ಅರ್ಥ. ಅವನಿಗೆ ಯೇಸುವಿನ ಶಕ್ತಿಯಲ್ಲಿ ಸಂಶಯವಿರಲಿಲ್ಲ. ತನ್ನಂಥವನ ಮೇಲೆ ಅವರಿಗೆ ಮನಸ್ಸಾದೀತೇ ಎಂಬುದಷ್ಟೇ ಅವನ ಅಳುಕು. ಈ ತಂದೆಯ ಸಂಶಯ ಅದಕ್ಕಿಂತ ಆಳವಾದದ್ದು. ಇವನು ಶಕ್ತಿಯನ್ನೇ ಶಂಕಿಸುತ್ತಾನೆ. ಆದರೆ ಬೆಳಿಗ್ಗೆ ಮಗನನ್ನು ಕರೆದುಕೊಂಡು ಮನೆಯಿಂದ ಹೊರಟಾಗ ಅವನ ಮನಸ್ಸಿನಲ್ಲಿ ಈ ಸಂಶಯ ಇಷ್ಟಿತ್ತೇ? ಇದ್ದಿದ್ದರೆ ಬರುತ್ತಿದ್ದನೇ? ಯೇಸುವನ್ನು ಹುಡುಕಿಕೊಂಡು ಬಂದವನಿಗೆ ಯೇಸು ಸಿಗಲಿಲ್ಲ, ಶಿಷ್ಯರು ಸಿಕ್ಕರು. ಶಿಷ್ಯರ ಕೈಯಲ್ಲಿ ಏನೂ ಆಗದ್ದನ್ನು ಕಣ್ಣಾರೆ ಕಂಡ. ಶಿಷ್ಯರನ್ನು ಕಂಡೇ ಗುರುವನ್ನು ಅಳೆಯುವುದು ಲೋಕದ ರೂಢಿ. ಅವನ ಸಂಶಯದಲ್ಲಿ ದೊಡ್ಡ ಪಾಲು ಆ ಒಂಬತ್ತು ಮಂದಿಯ ದಾನ ಎಂದು ನಾನು ತಿಳಿಯುತ್ತೇನೆ.

ಈಗ ನನ್ನ ಕಥೆಗೆ ಬರುತ್ತೇನೆ. ಇದು ಪಾಪನಿವೇದನೆಯಲ್ಲಿ ಕೇಳಿದ್ದಲ್ಲ, ಗುರುಗಳ ಮನೆಯ ಜಗಲಿಯ ಮೇಲೆ ನಡೆದದ್ದು, ಆದುದರಿಂದ ಹೇಳಬಹುದು. ಗುರುದೀಕ್ಷೆ ಪಡೆದ ಎರಡನೆಯ ವರ್ಷ ಮಲೆನಾಡಿನ ಒಂದು ಧರ್ಮಕೇಂದ್ರದಲ್ಲಿ ನಾನು ಸಹಾಯಕ ಗುರುವಾಗಿದ್ದೆ. ಕಾಫಿ ತೋಟದಲ್ಲಿ ಕೂಲಿ ಮಾಡುತ್ತಿದ್ದ ಒಬ್ಬ ತಂದೆ ಆರೇಳು ವರ್ಷದ ತನ್ನ ಮಗಳನ್ನು ಹೆಗಲ ಮೇಲೆ ಹೊತ್ತು ತಂದ. ಮಗುವಿನ ಎಡದ ಮುಂಗೈಯಲ್ಲಿ ಸುಟ್ಟ ಕಲೆಯಿತ್ತು. ಒಲೆಯ ಮುಂದೆ ಕುಳಿತಿದ್ದಾಗ ಮೂರ್ಛೆ ಬಂದು ಕೆಂಡದ ಮೇಲೆ ಕೈಯಿಟ್ಟುಬಿಟ್ಟಿತ್ತಂತೆ. ಶುಭಸಂದೇಶದ ಬೆಂಕಿ ಮತ್ತು ನೀರು ಬರಿಯ ಮಾತಿನ ಅಲಂಕಾರವಲ್ಲವೆಂದು ನನಗೆ ತಿಳಿದದ್ದು ಅಂದು. ಮೂರು ಶುಕ್ರವಾರಗಳು ಅವನು ಬಂದ. ಮೂರು ಸಲವೂ ನಾನು ಮಗುವಿನ ತಲೆಯ ಮೇಲೆ ಕೈಯಿಟ್ಟು ಪ್ರಾರ್ಥಿಸಿದೆ. ಮೂರನೆಯ ಶುಕ್ರವಾರ ದೇವಾಲಯದ ಮೆಟ್ಟಿಲು ಇಳಿಯುವಾಗಲೇ ಮಗು ಮತ್ತೆ ಬಿತ್ತು. ಜನ ನೋಡುತ್ತಿದ್ದರು. ನನಗೆ ಅವಮಾನವಾಯಿತು. ಮಗುವಿಗಾಗಿ ಮರುಗಿದ್ದಕ್ಕಿಂತ ನನಗಾಗಿ ನಾಚಿದ್ದೇ ಹೆಚ್ಚು. ಮಗು ಕಣ್ಣು ಬಿಟ್ಟ ಮೇಲೆ ಆ ತಂದೆಯನ್ನು ಜಗಲಿಗೆ ಕರೆದು, ನೀನು ಸಂಶಯದಿಂದ ಪ್ರಾರ್ಥಿಸುತ್ತಿದ್ದೀಯೆ, ವಿಶ್ವಾಸವಿದ್ದಿದ್ದರೆ ಹೀಗಾಗುತ್ತಿರಲಿಲ್ಲ ಎಂದೆ. ಇದೇ ಅಧ್ಯಾಯವನ್ನು ತೆರೆದು, ನಂಬುವವನಿಗೆ ಎಲ್ಲವೂ ಸಾಧ್ಯವೆಂಬ ಪ್ರಭುವಿನ ಮಾತನ್ನು ಅವನಿಗೆ ತೋರಿಸಿದೆ. ಅವನಿಗೆ ಓದಲು ಬರುತ್ತಿರಲಿಲ್ಲ ಎಂಬುದೂ ನನಗೆ ಆಗ ಹೊಳೆಯಲಿಲ್ಲ. ಅವನು ಏನೂ ಹೇಳದೆ ಮಗುವನ್ನು ಹೆಗಲಿಗೇರಿಸಿಕೊಂಡು ಹೋದ.

ಮುಂದೆ ಔಷಧಾಲಯದ ಕನ್ಯಾಸ್ತ್ರೀಯೊಬ್ಬರು ಆ ಮಗುವನ್ನು ಪಟ್ಟಣದ ವೈದ್ಯರಿಗೆ ತೋರಿಸಿ, ಗುಳಿಗೆಗಳನ್ನು ತಪ್ಪದೆ ಕೊಡಿಸಿದರು. ಮೂರ್ಛೆ ಬಹಳಮಟ್ಟಿಗೆ ನಿಂತಿತು. ತಂದೆ ಭಾನುವಾರದ ಪೂಜೆಗೆ ಬಂದು ಕೊನೆಯ ಕಂಬದ ಬಳಿ ನಿಂತು ಹೋಗುತ್ತಿದ್ದ, ನನ್ನೊಡನೆ ಮಾತಿರಲಿಲ್ಲ. ಎರಡು ವರ್ಷಗಳ ಮೇಲೆ ನನಗೆ ವರ್ಗವಾದಾಗ ಬಸ್ಸು ನಿಲ್ಲುವ ಕಡೆ ಒಂದು ಬಾಳೆಗೊನೆ ಹಿಡಿದುಕೊಂಡು ಬಂದಿದ್ದ. ನಾನು ಕ್ಷಮೆ ಕೇಳಬೇಕೆಂದು ಬಾಯಿ ತೆರೆಯುವಷ್ಟರಲ್ಲಿ ಅವನೇ ಹೇಳಿದ: "ಸ್ವಾಮಿ, ನನಗೆ ಸಂಶಯ ಇದ್ದದ್ದು ನಿಜ. ಅದನ್ನು ಮನೆಯಲ್ಲಿ ಬಿಟ್ಟು ಬರಬೇಕು ಅಂತ ನನಗೆ ಯಾರೂ ಹೇಳಿರಲಿಲ್ಲ."

ಬಸ್ಸು ಹೊರಟಿತು. ಆ ಮಾತಿಗೆ ಉತ್ತರ ಕೊಡಲು ನನಗೆ ಇಷ್ಟು ವರ್ಷಗಳು ಸಾಲದಾಗಿವೆ. ನಾನು ಅಂದು ಅವನಿಗೆ ತೋರಿಸಿದ್ದು ಒಂದು ವಚನವನ್ನು. ಅದರ ಮುಂದಿನ ವಚನವನ್ನು ತೋರಿಸಿದ್ದರೆ ಸಾಕಾಗಿತ್ತು.

ಆ ಮುಂದಿನ ವಚನದಲ್ಲಿ ಏನಿದೆ? ಆಗುವುದಾದರೆ ಎಂಬ ತಂದೆಯ ಮಾತನ್ನೇ ಎತ್ತಿಕೊಂಡು ಪ್ರಭು ಅವನಿಗೆ ಹಿಂದಿರುಗಿಸುತ್ತಾರೆ. ಒಡನೆಯೇ ತಂದೆ ಕೂಗಿಕೊಳ್ಳುತ್ತಾನೆ. ಕೆಲವು ಹಸ್ತಪ್ರತಿಗಳ ಪ್ರಕಾರ ಕಣ್ಣೀರಿಡುತ್ತಾ ಕೂಗಿಕೊಳ್ಳುತ್ತಾನೆ. ನಂಬುತ್ತೇನೆ ಎನ್ನುತ್ತಾನೆ. ಅದೇ ಉಸಿರಿನಲ್ಲಿ ತನ್ನ ಅವಿಶ್ವಾಸಕ್ಕೆ ನೆರವು ಬೇಡುತ್ತಾನೆ. ಇದೆಂಥ ಉತ್ತರ! ಗುರುಮಠದ ಪರೀಕ್ಷೆಯಲ್ಲಿ ಹೀಗೆ ಉತ್ತರಿಸಿದ್ದರೆ ನಮ್ಮ ತರ್ಕಶಾಸ್ತ್ರದ ಅಧ್ಯಾಪಕರು ಕೆಂಪು ಗೆರೆ ಎಳೆಯುತ್ತಿದ್ದರು. ನಂಬುವವನಲ್ಲಿ ಅವಿಶ್ವಾಸವೆಲ್ಲಿಂದ? ಅವಿಶ್ವಾಸವಿರುವವನು ನಂಬುತ್ತೇನೆಂದು ಹೇಗೆ ಹೇಳುವನು? ಆದರೆ ಅವನು ಪರೀಕ್ಷೆ ಬರೆಯುತ್ತಿರಲಿಲ್ಲ, ಮುಳುಗುತ್ತಿದ್ದ.

ಗುರುಮಠದಲ್ಲಿ ನಮಗೆ ಹೊಸ ಒಡಂಬಡಿಕೆಯ ಗ್ರೀಕ್ ಭಾಷೆಯನ್ನು ಕಲಿಸುತ್ತಿದ್ದ ವೃದ್ಧ ಗುರುಗಳೊಬ್ಬರು ಈ ವಚನಕ್ಕೆ ಬಂದಾಗ ಕನ್ನಡಕ ತೆಗೆದು ಮೇಜಿನ ಮೇಲಿಡುತ್ತಿದ್ದರು. ಅವರು ಹೇಳಿಕೊಟ್ಟ ಎರಡು ಸಂಗತಿಗಳನ್ನು ನಿಮಗೂ ಹೇಳುತ್ತೇನೆ. ಸಹಾಯಮಾಡು ಎಂಬುದಕ್ಕೆ ಇಲ್ಲಿರುವ ಗ್ರೀಕ್ ಕ್ರಿಯಾಪದದ ಮೂಲದಲ್ಲಿ ಕೂಗು ಮತ್ತು ಓಟ ಎಂಬ ಎರಡು ಪದಗಳಿವೆ. ಕೂಗನ್ನು ಕೇಳಿ ಓಡಿಬರುವುದು ಎಂದು ಅದರ ಹುಟ್ಟಿನ ಅರ್ಥ. ತಂದೆ ಈ ಪದವನ್ನು ಎರಡು ಸಲ ಬಳಸುತ್ತಾನೆ. ಮೊದಲನೆಯ ಸಲ, ಮಗನಿಗಾಗಿ ಬೇಡಿದಾಗ, ಒಮ್ಮೆ ಮಾಡಿ ಮುಗಿಸುವ ಕೆಲಸವನ್ನು ಸೂಚಿಸುವ ರೂಪದಲ್ಲಿ ಅದು ಇದೆ. ಎರಡನೆಯ ಸಲ, ತನ್ನ ಅವಿಶ್ವಾಸಕ್ಕಾಗಿ ಬೇಡಿದಾಗ, ನಿಲ್ಲದೆ ನಡೆಯುತ್ತಿರಬೇಕಾದ ಕೆಲಸದ ರೂಪದಲ್ಲಿದೆ. ಮಗನಿಗೆ ಒಂದು ಸಲದ ಸಹಾಯ ಸಾಕು. ತನಗೆ ಪ್ರತಿದಿನವೂ ಬೇಕು ಎಂದು ಆ ಮನುಷ್ಯನಿಗೆ ತಿಳಿದಿತ್ತು. ಇನ್ನೂ ಒಂದು ಮಾತು. ಮೊದಲು ನಮಗೆ ಸಹಾಯಮಾಡು ಎಂದವನು ಈಗ ನನ್ನ ಅವಿಶ್ವಾಸ ಎನ್ನುತ್ತಾನೆ. ಬಂದಾಗ ಮಗನೊಬ್ಬನೇ ರೋಗಿಯಾಗಿದ್ದ. ಈಗ ರೋಗಿಗಳು ಇಬ್ಬರು.

ಅವನು ಬಳಸಿದ ಅವಿಶ್ವಾಸವೆಂಬ ಪದವೂ ಸಾಮಾನ್ಯವಾದುದಲ್ಲ. ನಜರೇತಿನ ಜನರು ಯೇಸುವನ್ನು ತಿರಸ್ಕರಿಸಿದಾಗ, ಅವರ ವಿಷಯದಲ್ಲಿ ಮಾರ್ಕನು ಇದೇ ಪದವನ್ನು ಬಳಸಿದ್ದಾನೆ. ಅಲ್ಲಿ ಆ ಅವಿಶ್ವಾಸದ ಮುಂದೆ ಪ್ರಭು ಹೆಚ್ಚಿನ ಅದ್ಭುತಗಳನ್ನು ಮಾಡಲಾಗದೆ ಹೊರಟುಹೋದರು. ಇಲ್ಲಿ ಅದೇ ಅವಿಶ್ವಾಸದ ಮುಂದೆ ಅದ್ಭುತ ನಡೆಯಿತು. ವ್ಯತ್ಯಾಸ ಇಷ್ಟೇ: ನಜರೇತಿನವರು ತಮ್ಮ ಅವಿಶ್ವಾಸವನ್ನು ಯೇಸುವಿನ ವಿರುದ್ಧ ಹಿಡಿದು ನಿಂತರು, ಇವನು ಅದನ್ನು ಮಗನ ಜೊತೆಗೆ ತಂದು ಅವರ ಪಾದದ ಬಳಿ ಇಟ್ಟ.

1992ರಲ್ಲಿ ಪ್ರಕಟವಾದ ಕಥೋಲಿಕ ಧರ್ಮಸಭೆಯ ಧರ್ಮೋಪದೇಶ ಗ್ರಂಥವೂ ಈ ಭೇದವನ್ನು ಗುರುತಿಸುತ್ತದೆ. ತಿಳಿದೂ ತಿಳಿದು ಸತ್ಯವನ್ನು ಒಪ್ಪದಿರುವ ಸಂಶಯ ಒಂದು. ಬೇಡವೆಂದರೂ ಬಂದು ಕಾಡುವ ಅಳುಕು ಇನ್ನೊಂದು. ನಮ್ಮ ಜನ ಈ ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಿ, ಎರಡನೆಯದನ್ನೂ ಪಾಪವೆಂದು ಬಚ್ಚಿಟ್ಟುಕೊಂಡು ಒಳಗೊಳಗೇ ಬೇಯುತ್ತಾರೆ. ಕೋಲ್ಕತ್ತದ ಸಂತ ತೆರೇಸಾ ತೀರಿಕೊಂಡದ್ದು 1997ರಲ್ಲಿ. 2007ರಲ್ಲಿ ಅವರು ತಮ್ಮ ಆತ್ಮಿಕ ಮಾರ್ಗದರ್ಶಕರಿಗೆ ಬರೆದಿದ್ದ ಪತ್ರಗಳು ಪುಸ್ತಕವಾಗಿ ಬಂದಾಗ, ದಶಕಗಳ ಕಾಲ ಅವರ ಆತ್ಮದಲ್ಲಿ ಕತ್ತಲೆ ಕವಿದಿತ್ತೆಂಬುದು ಲೋಕಕ್ಕೆ ತಿಳಿಯಿತು. ಆಗ ಒಬ್ಬ ಪದವೀಧರ ಯುವಕ ನನ್ನಲ್ಲಿಗೆ ಬಂದು, ಹಾಗಾದರೆ ಆ ನಗೆಯೆಲ್ಲ ನಟನೆಯೇ ಎಂದು ಕೇಳಿದ. ಆ ಕತ್ತಲೆಯಲ್ಲೂ ಅವರು ಬೆಳಗಿನ ಜಾವ ಎದ್ದು ಪ್ರಾರ್ಥನೆಗೆ ಹೋದರು, ಆಮೇಲೆ ಬೀದಿಗೆ ಹೋದರು. ಯಾವುದನ್ನು ನಟನೆ ಎನ್ನುತ್ತೀ ಎಂದೆ. ಅವನಿಗೆ ಸಮಾಧಾನವಾದಂತೆ ಕಾಣಲಿಲ್ಲ. 2016ರ ಸೆಪ್ಟೆಂಬರ್ 4ರಂದು ಧರ್ಮಸಭೆ ಅವರನ್ನು ಸಂತರ ಸಾಲಿಗೆ ಸೇರಿಸಿತು. ಆ ಪತ್ರಗಳನ್ನು ಓದಿಯೇ ಸೇರಿಸಿತು.

ಈ ಸ್ಮರಣ ಸಂಚಿಕೆಗಾಗಿ ಕಳೆದ ಕೆಲವು ತಿಂಗಳು ನಾನು ನಮ್ಮ ಧರ್ಮಕೇಂದ್ರದ ಹಳೆಯ ದಾಖಲೆ ಪುಸ್ತಕಗಳನ್ನು ತಿರುವಿಹಾಕಿದೆ. ಲತೀನ್ ಭಾಷೆಯಲ್ಲಿ, ಮಾಸಿದ ಶಾಯಿಯಲ್ಲಿ, ಜ್ಞಾನಸ್ನಾನ, ವಿವಾಹ, ಮರಣ ಎಂದು ಮೂರು ಪುಸ್ತಕಗಳು. ಮರಣದ ಪುಸ್ತಕದ ಮೊದಲ ಹಾಳೆಗಳಲ್ಲಿ ಮಕ್ಕಳ ಹೆಸರುಗಳೇ ಹೆಚ್ಚು. ಜ್ಞಾನಸ್ನಾನದ ಪುಸ್ತಕದಲ್ಲಿ ಕಂಡ ಹೆಸರು ಕೆಲವು ತಿಂಗಳೊಳಗೆ ಮರಣದ ಪುಸ್ತಕದಲ್ಲಿ ಮತ್ತೆ ಕಾಣಿಸುತ್ತದೆ, ಅದೇ ತಂದೆ ತಾಯಿಯ ಹೆಸರಿನೊಡನೆ. ಒಂದು ಮನೆಯಲ್ಲಿ ಹೀಗೆ ಮೂರು ಸಲ. ಆ ತಂದೆತಾಯಿಗಳು ಇದೇ ನೆಲದ ಮೇಲೆ ಮೊಣಕಾಲೂರಿದ್ದರು. ಅವರ ಮಕ್ಕಳು ಉಳಿಯಲಿಲ್ಲವೆಂದರೆ ಅವರ ವಿಶ್ವಾಸ ಸಾಲದಾಗಿತ್ತೆಂದು ಹೇಳುವ ಧೈರ್ಯ ನಿಮ್ಮಲ್ಲಿ ಯಾರಿಗಾದರೂ ಇದೆಯೇ? ಒಮ್ಮೆ ಜಗಲಿಯ ಮೇಲೆ ಅದು ನನಗಿತ್ತು, ಈಗ ಇಲ್ಲ. ಅವರು ಮನೆಗೆ ಹೋಗಿ ದೇವರೊಡನೆ ಏನು ಮಾತನಾಡಿದರೆಂಬುದನ್ನು ಬರೆದಿಡಲು ಯಾವ ಪುಸ್ತಕವೂ ಇರಲಿಲ್ಲ. ನಾಲ್ಕನೆಯ ಮಗುವನ್ನೂ ಅವರು ಇಲ್ಲಿಗೇ ಜ್ಞಾನಸ್ನಾನಕ್ಕೆ ತಂದರೆಂಬುದು ಮಾತ್ರ ದಾಖಲಾಗಿದೆ. ಏಕೆ ಒಬ್ಬರ ಮಗು ಏಳುತ್ತದೆ, ಇನ್ನೊಬ್ಬರದು ಏಳುವುದಿಲ್ಲ ಎಂಬುದಕ್ಕೆ ನನ್ನಲ್ಲಿ ಉತ್ತರವಿಲ್ಲ. ಸತ್ತವರ ಪೂಜೆಗಳನ್ನು ಅರ್ಪಿಸಿ ಅರ್ಪಿಸಿ ವಯಸ್ಸಾದರೂ ಅದು ದೊರೆತಿಲ್ಲ.

ಪುನಃ ಬೆಟ್ಟದ ಬುಡಕ್ಕೆ ಹೋಗೋಣ. ಜನ ಓಡಿಬಂದು ಗುಂಪುಗೂಡುವುದನ್ನು ಕಂಡು ಯೇಸುಸ್ವಾಮಿ ಮತ್ತೆ ತಡಮಾಡಲಿಲ್ಲ. ಅದ್ಭುತ ನೋಡಲು ನೆರೆಯುವ ಗುಂಪು ಅವರಿಗೆ ಎಂದೂ ಪ್ರಿಯವಾಗಿರಲಿಲ್ಲ. ಆ ಅಶುದ್ಧಾತ್ಮವನ್ನು ಗದರಿಸಿ, ಹೊರಗೆ ಬರಲೂ ಮತ್ತೆಂದೂ ಒಳಹೊಗದಿರಲೂ ಆಜ್ಞಾಪಿಸಿದರು. ಅದು ಅರಚಿ, ಹುಡುಗನನ್ನು ಅಲ್ಲಾಡಿಸಿ ಬಿಟ್ಟುಹೋಯಿತು. ಹುಡುಗ ಹೆಣದಂತೆ ಬಿದ್ದುಕೊಂಡ. ಸತ್ತೇಹೋದನೆಂದು ಅನೇಕರು ಅಂದುಕೊಂಡರು.

ಇಲ್ಲಿ ಸ್ವಲ್ಪ ನಿಲ್ಲಿ. ಆ ತಂದೆಯ ಕಿವಿಗೂ ಈ ಮಾತು ಬಿದ್ದಿರಬೇಕಲ್ಲವೇ? ಅವನು ತನ್ನ ಅರ್ಧ ವಿಶ್ವಾಸವನ್ನು ಎರಡೂ ಕೈಯಲ್ಲಿ ಹಿಡಿದು ಒಪ್ಪಿಸಿ ಒಂದು ಗಳಿಗೆಯೂ ಆಗಿಲ್ಲ, ಅಷ್ಟರಲ್ಲಿ ಸುತ್ತಲಿನವರು ನಿನ್ನ ಮಗ ಸತ್ತ ಎನ್ನುತ್ತಿದ್ದಾರೆ. ಅದುವರೆಗೆ ಮಗ ರೋಗಿಯಾಗಿಯಾದರೂ ಬದುಕಿದ್ದ. ಆ ಕ್ಷಣದಲ್ಲಿ ತಂದೆಯ ಮನಸ್ಸಿನಲ್ಲಿ ಏನು ನಡೆಯಿತೆಂದು ಮಾರ್ಕನು ಬರೆದಿಲ್ಲ. ನಮ್ಮಲ್ಲಿ ಅನೇಕರ ಬಾಳು ನಿಂತಿರುವುದು ಆ ಒಂದು ಕ್ಷಣದಲ್ಲೇ. ಪ್ರಾರ್ಥನೆ ಮುಗಿದಿದೆ, ಮಗು ಇನ್ನೂ ಕದಲಿಲ್ಲ. ಆಗ ಯೇಸುಸ್ವಾಮಿ ಬಾಗಿ ಹುಡುಗನ ಕೈ ಹಿಡಿದು ಎಬ್ಬಿಸಿದರು. ಅವನು ಎದ್ದು ನಿಂತ. ಎಬ್ಬಿಸುವುದು, ಎದ್ದೇಳುವುದು ಎಂಬ ಈ ಎರಡು ಪದಗಳನ್ನೇ ಶುಭಸಂದೇಶಗಳು ಪ್ರಭುವಿನ ಪುನರುತ್ಥಾನಕ್ಕೂ ಬಳಸಿವೆ.

ಮನೆಗೆ ಹೋದ ಮೇಲೆ, ಜನರಿಲ್ಲದಾಗ, ಶಿಷ್ಯರು ಮೆಲ್ಲನೆ ಕೇಳಿದರು: ನಮ್ಮಿಂದ ಏಕೆ ಆಗಲಿಲ್ಲ? ಜನರ ಮುಂದೆ ವಾದಿಸಿದವರು ಮನೆಯೊಳಗೆ ಕೇಳಿದರು. ಅದಕ್ಕಾದರೂ ಅವರನ್ನು ಮೆಚ್ಚಬೇಕು. ಈ ಬಗೆಯದು ಪ್ರಾರ್ಥನೆಯಿಂದಲ್ಲದೆ ಹೋಗುವಂಥದಲ್ಲ ಎಂಬುದು ಪ್ರಭುವಿನ ಉತ್ತರ. ಅನೇಕ ಪ್ರತಿಗಳಲ್ಲಿ ಉಪವಾಸವೂ ಸೇರಿದೆ. ನಮ್ಮ ಹಿರಿಯರು ಕೇಳಿದ ಲತೀನ್ ಪಾಠದಲ್ಲೂ ಅದು ಇತ್ತು. ಆದರೆ ಈ ಹದಿನಾರು ವಚನಗಳನ್ನು ಮತ್ತೆ ಮತ್ತೆ ಓದಿ ನೋಡಿ. ಯೇಸುಸ್ವಾಮಿ ಅಲ್ಲಿ ಪ್ರಾರ್ಥಿಸಿದರೆಂದು ಬರೆದಿಲ್ಲ, ಆಜ್ಞಾಪಿಸಿದರೆಂದಿದೆ. ಶಿಷ್ಯರು ಪ್ರಾರ್ಥಿಸಿದರೆಂದೂ ಇಲ್ಲ. ಶಾಸ್ತ್ರಿಗಳ ಮಾತಂತೂ ಬೇಡ. ಇಡೀ ಪ್ರಸಂಗದಲ್ಲಿ ದೇವಪುತ್ರನ ಕಡೆ ಮುಖವೆತ್ತಿ ಬೇಡಿದವನು ಒಬ್ಬನೇ. ಅವನ ಪ್ರಾರ್ಥನೆಯಲ್ಲಿ ಅರ್ಧ ಭಾಗ ಅವಿಶ್ವಾಸವಾಗಿತ್ತು.

ತಂದೆಮಗ ಇಬ್ಬರೂ ಆಮೇಲೆ ಏನಾದರೆಂದು ಶುಭಸಂದೇಶದಲ್ಲಿಲ್ಲ. ಅವರ ಹೆಸರೂ ಇಲ್ಲ, ಊರೂ ಇಲ್ಲ. ಯೇಸುಸ್ವಾಮಿ ಗಲಿಲೇಯವನ್ನು ಹಾದು ಯೆರೂಸಲೇಮಿನ ದಾರಿ ಹಿಡಿದರು. ಇವರು ಮನೆಗೆ ಹೋಗಿರಬೇಕು. ಸಂಜೆ ಒಲೆ ಹೊತ್ತಿಸಿದಾಗ ಹುಡುಗ ಬೆಂಕಿಯ ಹತ್ತಿರ ಬಂದು ಕುಳಿತಿರಬೇಕು. ತಂದೆಗೆ ಅಷ್ಟು ವರ್ಷಗಳ ಅಭ್ಯಾಸ. ತಟ್ಟನೆ ಎದ್ದು ಅವನ ಭುಜ ಹಿಡಿದಿರುತ್ತಾನೆ. ಮತ್ತೆ ನೆನಪಾಗಿ ಕೈ ಬಿಟ್ಟಿರುತ್ತಾನೆ. ಆ ರಾತ್ರಿ ಎಷ್ಟು ಸಲ ಹಿಡಿದನೋ, ಎಷ್ಟು ಸಲ ಬಿಟ್ಟನೋ.

ಆರಾಧನೆಯ ಗಂಟೆಯಾಯಿತು. ಪರಮಪ್ರಸಾದವನ್ನು ಪೀಠದ ಮೇಲೆ ಸ್ಥಾಪಿಸುವಾಗ ಮೊದಲ ಐದು ನಿಮಿಷ ಹಾಡು ಬೇಡವೆಂದು ಗಾಯನ ವೃಂದದವರಿಗೆ ಹೇಳಿದ್ದೇನೆ. ಕಾಲು ನೋವಿರುವವರು ಕುಳಿತಿರಬಹುದು, ಉಳಿದವರು ಮೊಣಕಾಲೂರೋಣ.